ಅರೆದು ಕುಡಿದ ಪುಸ್ತಕ

‘ಅವನು ಆ ವಿಷಯವನ್ನು ಅರೆದು ಕುಡಿದಿದ್ದಾನೆ’ ಅಂತ ನಾವು ಹೇಳುತ್ತೇವೆ. ಚಿಕ್ಕವನಿದ್ದಾಗ ಈ ಮಾತು ಕೇಳಿದರೆ ನನಗೆ ಒಂದು ಚಿತ್ರ ಕಾಣುತ್ತಿತ್ತು. ಒಬ್ಬ ಮೇಷ್ಟ್ರು ವ್ಯಾಕರಣದ ಪುಸ್ತಕವನ್ನು ಒರಳಿಗೆ ಹಾಕಿ, ಸ್ವಲ್ಪ ಸ್ವಲ್ಪ ನೀರು ಬಿಟ್ಟು, ನುಣ್ಣಗೆ ರುಬ್ಬಿ, ಲೋಟಕ್ಕೆ ಬಸಿದು ಗಟಗಟ ಕುಡಿಯುತ್ತಿದ್ದಾರೆ. ಪರೀಕ್ಷೆಯ ಹಿಂದಿನ ರಾತ್ರಿ ನನಗೂ ಒಂದು ಲೋಟ ಸಿಗಬಾರದೇ ಅನಿಸುತ್ತಿತ್ತು. ದೊಡ್ಡವನಾದ ಮೇಲೆ ಇದೊಂದು ಮಾತಿನ ವರಸೆ ಅಷ್ಟೇ ಅಂತ ಗೊತ್ತಾಯಿತು, ಚಿತ್ರ ಮರೆತೇಹೋಯಿತು.

ಎಷ್ಟೋ ವರ್ಷ ಆದಮೇಲೆ ಹಳೆಯ ಈಜಿಪ್ಟಿನ ಒಂದು ಕಥೆ ಓದುತ್ತಿದ್ದೆ. ಅದರಲ್ಲಿ ಒಬ್ಬ ರಾಜಕುಮಾರ ನಿಜವಾಗಿಯೂ ಪುಸ್ತಕ ಕುಡಿದುಬಿಟ್ಟ. ಉಪಮೆ ಅಲ್ಲ, ಕನಸಲ್ಲ. ಬಿಯರಿನಲ್ಲಿ ನೆನೆಸಿ, ನೀರಿನಲ್ಲಿ ಕದಡಿ ಕುಡಿದ. ಕುಡಿದ ಮೇಲೆ ಅದರಲ್ಲಿದ್ದದ್ದೆಲ್ಲ ಅವನಿಗೆ ತಿಳಿಯಿತು ಅಂತ ಕಥೆ ಹೇಳುತ್ತದೆ. ಒರಳಿನ ಮುಂದೆ ಕೂತಿದ್ದ ಮೇಷ್ಟ್ರು ಅಷ್ಟು ವರ್ಷದ ಮೇಲೆ ಎದ್ದು ಬಂದರು.

ಆ ಪುಸ್ತಕ ಥೋತ್ ದೇವರದ್ದು. ಥೋತ್ ಅಂದರೆ ಬರವಣಿಗೆ, ಲೆಕ್ಕ, ಚಂದ್ರ, ಜ್ಞಾನ ಇವಕ್ಕೆಲ್ಲ ಒಡೆಯ. ಉದ್ದ ಕೊಕ್ಕಿನ ಐಬಿಸ್ ಹಕ್ಕಿಯ ತಲೆ, ಕೈಯಲ್ಲಿ ಬರೆಯುವ ಕಡ್ಡಿ. ಅವನೇ ಸ್ವಂತ ಕೈಯಿಂದ ಬರೆದ ಮಂತ್ರದ ಪುಸ್ತಕ ಅದು, ಕಥೆಯ ಪ್ರಕಾರ. ಅಂಥ ಪುಸ್ತಕ ನಿಜವಾಗಿ ಇರಲಿಲ್ಲ. ಆದರೆ ಅದರ ಹೆಸರು ಹೇಳಿಕೊಂಡು ಬದುಕಿದವರು ಬೇಕಾದಷ್ಟು ಜನ. 1781ರಲ್ಲಿ ಫ್ರಾನ್ಸಿನ ಕೂರ್ ದ ಗೆಬೆಲಿನ್ ಎಂಬಾತ, ಟ್ಯಾರೋ ಇಸ್ಪೀಟಿನ ಎಲೆಗಳೇ ಉಳಿದುಕೊಂಡಿರುವ ಥೋತನ ಪುಸ್ತಕ ಅಂತ ಬರೆದ. ಈಜಿಪ್ಟಿನ ಚಿತ್ರಲಿಪಿಯನ್ನು ಶಾಂಪೋಲಿಯೋ ಬಿಡಿಸಿದ್ದು 1822ರಲ್ಲಿ. ಅಂದರೆ ಆ ಭಾಷೆಯ ಒಂದಕ್ಷರವೂ ಓದಲು ಬಾರದ ಕಾಲದಲ್ಲಿ ಈ ಮಹಾಶಯರು ಅದರ ಅತಿ ಗುಟ್ಟಿನ ಪುಸ್ತಕವನ್ನು ಪತ್ತೆ ಹಚ್ಚಿದ್ದರು! ಧೈರ್ಯ ಮೆಚ್ಚಬೇಕು.

ನನಗೆ ಇಸ್ಪೀಟು ಬೇಡ. ಕಥೆ ಬೇಕು.

ಕಥೆ ಇರುವ ಪಪೈರಸ್ ಸುರುಳಿ, ಅಂದರೆ ಜೊಂಡಿನಿಂದ ಮಾಡಿದ ಹಾಳೆಯ ಸುರುಳಿ, ಈಗ ಕೈರೋದಲ್ಲಿದೆ. ಅಲೆಕ್ಸಾಂಡರನ ನಂತರ ಈಜಿಪ್ಟನ್ನು ಆಳಿದ ಟಾಲೆಮಿ ವಂಶದ ರಾಜರ ಕಾಲದ್ದು, ಡೆಮೋಟಿಕ್ ಎಂಬ ಓಡುಬರಹದ ಲಿಪಿಯಲ್ಲಿದೆ. ಮೊದಲ ಎರಡು ಪುಟ ಕಳೆದುಹೋಗಿವೆ. ಹಾಗಾಗಿ ನಾವು ಒಳಗೆ ಕಾಲಿಡುವಾಗ ಕಥೆ ಆಗಲೇ ಶುರುವಾಗಿರುತ್ತದೆ. ಸೆತ್ನೆ ಎಂಬ ರಾಜಕುಮಾರ ಒಂದು ಸಮಾಧಿಯೊಳಗೆ ನಿಂತಿದ್ದಾನೆ. ಅವನ ಎದುರು ಸತ್ತವರು ಕೂತಿದ್ದಾರೆ. ಅದರಲ್ಲಿ ಒಬ್ಬಳು ಹೆಂಗಸು, ‘ಈ ಪುಸ್ತಕದಿಂದ ನಮಗೇನಾಯಿತು ಕೇಳು’ ಅಂತ ಹೇಳುತ್ತಿದ್ದಾಳೆ.

ಈ ಸೆತ್ನೆ ಪೂರ್ತಿ ಕಟ್ಟುಕಥೆಯಲ್ಲ. ಎರಡನೇ ರಾಮ್‌ಸೆಸ್‌ಗೆ ಖಾಎಮ್‌ವಾಸೆತ್ ಎಂಬ ಮಗನಿದ್ದ. ಮೆಂಫಿಸ್‌ನ ಪ್ತಾ ದೇವಸ್ಥಾನದ ಪುರೋಹಿತನಾಗಿದ್ದವನು, ಕೊನೆಗೆ ಅಲ್ಲಿಯ ಪ್ರಧಾನ ಪುರೋಹಿತನೂ ಆದ. ಅವನ ಪುರೋಹಿತ ಪದವಿಯ ಹೆಸರೇ ಸವೆದು ಸವೆದು ಕಥೆಯಲ್ಲಿ ‘ಸೆತ್ನೆ’ ಎಂಬ ಅಂಕಿತನಾಮ ಆಯಿತು. ಅಪ್ಪ ಯುದ್ಧ, ವಿಗ್ರಹ, ತನ್ನ ಹೆಸರು ಇವುಗಳಲ್ಲಿ ಮುಳುಗಿದ್ದರೆ, ಮಗನಿಗೆ ಹಳೆಯದರ ಹುಚ್ಚು. ಅವನ ಕಾಲಕ್ಕೇ ಸಾವಿರ ವರ್ಷಕ್ಕಿಂತ ಜಾಸ್ತಿ ಹಳೆಯದಾಗಿದ್ದ ಪಿರಮಿಡ್‌ಗಳ ನಡುವೆ ಓಡಾಡಿ, ಯಾವುದು ಯಾರದ್ದು ಅಂತ ನೋಡಿ, ದುರಸ್ತಿ ಮಾಡಿಸಿ, ಆ ರಾಜರ ಹೆಸರನ್ನು ದೊಡ್ಡದಾಗಿ ಕೆತ್ತಿಸಿದ. ಸಕ್ಕಾರದ ಉನಾಸ್ ರಾಜನ ಪಿರಮಿಡ್ಡಿನ ಹೊರಮೈಯಲ್ಲಿ ಆ ಬರಹ ಇವತ್ತಿಗೂ ಕಾಣುತ್ತದೆ. ಖುಫು ರಾಜನ ಮಗ ಕವಾಬ್‌ನ ಹಳೆಯ ವಿಗ್ರಹವೊಂದು ಸಿಕ್ಕಾಗ ಅದನ್ನು ಎತ್ತಿಸಿ ಇಡಿಸಿದ. ಪ್ರಾಚೀನ ಕಾಲವನ್ನೂ ಆಗಿನ ದೊಡ್ಡವರನ್ನೂ ತಾನು ತುಂಬಾ ಪ್ರೀತಿಸುತ್ತೇನೆ ಅಂತ ಅದರ ಮೇಲೆ ಬರೆಸಿದ. ಇವನನ್ನು ಮೊದಲ ಈಜಿಪ್ಟ್ ತಜ್ಞ ಅಂತ ತಮಾಷೆಗೆ ಕರೆಯುವುದುಂಟು.

ಊರ ಜನಕ್ಕೆ ಇಂಥವರು ಹೇಗೆ ಕಾಣುತ್ತಾರೆ ಅಂತ ಊಹಿಸಿ. ರಾಜನ ಮಗ, ಎಲ್ಲ ಸುಖ ಇದೆ, ಆದರೂ ಗೋರಿ ಗೋರಿ ಸುತ್ತುತ್ತಾನೆ, ಕಲ್ಲು ಓದುತ್ತಾನೆ. ಏನನ್ನೋ ಹುಡುಕುತ್ತಿರಬೇಕು! ಸುಮ್ನೆ ಓದುತ್ತಾನೆ ಅಂದರೆ ಯಾರು ನಂಬುತ್ತಾರೆ? ಸಾವಿರ ವರ್ಷ ಕಳೆಯುವಷ್ಟರಲ್ಲಿ ಅವನು ಮಂತ್ರದ ಪುಸ್ತಕಕ್ಕಾಗಿ ಸಮಾಧಿಗೆ ನುಗ್ಗಿದ ಮಾಂತ್ರಿಕನಾಗಿದ್ದ.

ಸಮಾಧಿಯಲ್ಲಿ ಮಾತಾಡುತ್ತಿರುವ ಹೆಂಗಸು ಅಹ್ವೆರೆ. ಪಕ್ಕದಲ್ಲಿ ಅವಳ ಗಂಡ ನಾನೆಫರ್ಕಪ್ತಾ, ಪುಟ್ಟ ಮಗ ಮೆರಿಬ್. ಪುಸ್ತಕ ಕುಡಿದ ರಾಜಕುಮಾರ ಈ ಗಂಡನೇ. ಅವನಿಗೂ ಸೆತ್ನೆಯದ್ದೇ ಹುಚ್ಚು. ಮೆಂಫಿಸ್‌ನ ಸ್ಮಶಾನದಲ್ಲಿ ಅಲೆಯುತ್ತಾ ರಾಜರ ಗೋರಿಗಳ ಮೇಲಿನ ಬರಹ ಓದುವುದು ಬಿಟ್ಟರೆ ಈ ಲೋಕದಲ್ಲಿ ಅವನಿಗೆ ಬೇರೆ ಕೆಲಸವೇ ಇರಲಿಲ್ಲ ಅಂತ ಅಹ್ವೆರೆ ಹೇಳುತ್ತಾಳೆ. ಆ ಸಾಲಿನಲ್ಲಿ ಒಂಚೂರು ಗೊಣಗಾಟ ನನಗೆ ಕೇಳಿಸುತ್ತದೆ. ನಿಮಗೂ ಕೇಳಿಸಬಹುದು, ಮನೆಯಲ್ಲಿ ಪುಸ್ತಕದ ಹುಳು ಇದ್ದರೆ.

ಒಂದು ದಿನ ಪ್ತಾ ದೇವರ ಮೆರವಣಿಗೆ. ಎಲ್ಲರೂ ದೇವರನ್ನು ನೋಡುತ್ತಿದ್ದರೆ ಇವನು ಹಿಂದೆ ಹಿಂದೆ ನಡೆಯುತ್ತಾ ಗುಡಿಗಳ ಮೇಲಿನ ಅಕ್ಷರ ಓದುತ್ತಿದ್ದಾನೆ. ಒಬ್ಬ ಮುದಿ ಪುರೋಹಿತ ನೋಡಿ ನಕ್ಕ. ಯಾಕೆ ನಗುತ್ತೀಯ ಅಂದ ಇವನು. ‘ಕೆಲಸಕ್ಕೆ ಬಾರದ್ದನ್ನೆಲ್ಲ ಓದುತ್ತಿದ್ದೀಯಲ್ಲ, ಅದಕ್ಕೆ. ನಿಜವಾದ ಪುಸ್ತಕ ಎಲ್ಲಿದೆ ಅಂತ ನಾನು ಹೇಳಲಾ?’

ಓದುವ ಚಟ ಇರುವವನನ್ನು ಕೆಡಿಸಲು ಇದಕ್ಕಿಂತ ಒಳ್ಳೆಯ ಮಾತು ಇಲ್ಲ. ನೀನು ಓದುತ್ತಿರುವುದು ಅಸಲಿ ಅಲ್ಲ, ಅಸಲಿ ಬೇರೆ ಕಡೆ ಇದೆ. ನನ್ನ ಕಂಪ್ಯೂಟರಿನಲ್ಲಿ ‘ಓದಬೇಕು’ ಅಂತ ಒಂದು ಫೋಲ್ಡರ್ ಇದೆ, ಅದು ಬೆಳೆದಿದ್ದೆಲ್ಲ ಇಂಥ ಮುದುಕರ ಮಾತಿನಿಂದಲೇ.

ಮುದುಕನೇನೂ ಸುಮ್ನೆ ಹೇಳಲಿಲ್ಲ. ತನ್ನ ಶವಸಂಸ್ಕಾರದ ಖರ್ಚಿಗೆ 100 ತುಂಡು ಬೆಳ್ಳಿ ಕೇಳಿದ, ಕೊಟ್ಟ ಮೇಲೆ ಬಾಯಿಬಿಟ್ಟ. ಪುಸ್ತಕ ಕೊಪ್ಟೋಸ್‌ನಲ್ಲಿ ನದಿಯ ನಡುವೆ ಇದೆ. ಒಂದು ಕಬ್ಬಿಣದ ಪೆಟ್ಟಿಗೆ. ಅದರೊಳಗೆ ತಾಮ್ರದ ಪೆಟ್ಟಿಗೆ. ಅದರೊಳಗೆ ಜೂನಿಪರ್ ಮರದ್ದು. ಅದರೊಳಗೆ ದಂತ ಮತ್ತು ಕರಿಮರದ್ದು. ಅದರೊಳಗೆ ಬೆಳ್ಳಿಯದು. ಅದರೊಳಗೆ ಚಿನ್ನದ್ದು. ಚಿನ್ನದೊಳಗೆ ಪುಸ್ತಕ. ಸುತ್ತ ಹಾವು, ಚೇಳು ತುಂಬಿದ ಜಾಗ. ಪೆಟ್ಟಿಗೆಗೆ ಸುತ್ತಿಕೊಂಡು ಮಲಗಿದ ಸಾವಿಲ್ಲದ ಒಂದು ಸರ್ಪ.

ಇಷ್ಟೆಲ್ಲ ಕಾವಲು ಇರುವ ಪುಸ್ತಕದಲ್ಲಿ ಮಂತ್ರ ಇರುವುದು ಎರಡೇ. ಮೊದಲನೆಯದನ್ನು ಹೇಳಿದರೆ ಆಕಾಶ, ಭೂಮಿ, ಪಾತಾಳ, ಬೆಟ್ಟ, ನೀರು ಎಲ್ಲ ನಿನ್ನ ಮೋಡಿಗೆ ಒಳಗಾಗುತ್ತವೆ. ಹಕ್ಕಿಗಳು, ಹರಿದಾಡುವ ಜೀವಿಗಳು ಏನು ಮಾತಾಡುತ್ತಿವೆ ಅಂತ ತಿಳಿಯುತ್ತದೆ. ಮೇಲೆ 21 ದೇವಮೊಳ ನೀರಿದ್ದರೂ ಆಳದ ಮೀನು ಕಾಣುತ್ತದೆ. ಎರಡನೆಯದನ್ನು ಹೇಳಿದರೆ, ನೀನು ಬದುಕಿರು ಸತ್ತಿರು, ಸೂರ್ಯದೇವ ರೇ ತನ್ನ ಪರಿವಾರದ ಜೊತೆ ಆಕಾಶದಲ್ಲಿ ಮೂಡುವುದು ಕಾಣುತ್ತದೆ, ಚಂದ್ರ ಏಳುವುದು ಕಾಣುತ್ತದೆ.

ಗಮನಿಸಿ, ಇದರಲ್ಲಿ ಚಿನ್ನ ಇಲ್ಲ. ಶತ್ರುನಾಶ ಇಲ್ಲ, ವಶೀಕರಣ ಇಲ್ಲ, ಸಿಂಹಾಸನ ಇಲ್ಲ. ಮೋಡಿ ಅಂತ ಒಂದು ಮಾತು ಇದೆ ನಿಜ. ಮಿಕ್ಕಿದ್ದೆಲ್ಲ ನೋಡುವುದು, ಕೇಳುವುದು, ಅಷ್ಟೇ. ಆ 21 ಮೊಳದ ಮೀನು ನೆನಪಿರಲಿ.

ಅಹ್ವೆರೆಗೆ ಇದು ಕೇಳಿದ ಕೂಡಲೇ ಎದೆ ಧಸಕ್ಕೆಂದಿತು. ಆ ಪುರೋಹಿತನಿಗೆ ಹಿಡಿಶಾಪ ಹಾಕಿದಳು. ಕೊಪ್ಟೋಸ್‌ಗೆ ಹೋಗಬೇಡ ಅಂತ ಗಂಡನ ಜೊತೆ ಜಗಳ ತೆಗೆದಳು. ಅವನು ಕೇಳಲಿಲ್ಲ. ರಾಜನ ದೋಣಿಯಲ್ಲಿ ಹೆಂಡತಿ ಮಗನನ್ನೂ ಕರೆದುಕೊಂಡೇ ಹೊರಟ. ಕೊಪ್ಟೋಸ್‌ನಲ್ಲಿ ಮೇಣದಿಂದ ಒಂದು ದೋಣಿ ಮಾಡಿದ, ಮೇಣದ್ದೇ ಹುಟ್ಟುಹಾಕುವವರನ್ನು ಕೂರಿಸಿದ, ಮಂತ್ರ ಹೇಳಿ ಉಸಿರು ಕೊಟ್ಟ. ಹಗಲೂ ರಾತ್ರಿ ಹುಟ್ಟುಹಾಕಿ ಮೂರನೇ ದಿನ ಆ ಜಾಗ ಮುಟ್ಟಿದರು. ಮರಳು ಎರಚಿದ, ನದಿ ಬಾಯಿಬಿಟ್ಟಿತು. ಸರ್ಪವನ್ನು ಕೊಂದ, ಎದ್ದು ಬಂತು. ಮತ್ತೆ ಕೊಂದ, ಮತ್ತೆ ಎದ್ದು ಬಂತು. ಮೂರನೇ ಸಲ ಎರಡು ತುಂಡು ಮಾಡಿ, ತುಂಡುಗಳ ನಡುವೆ ಮರಳು ಸುರಿದ. ಕೂಡಿಕೊಳ್ಳಲಾಗದೆ ಸತ್ತಿತು. ಪೆಟ್ಟಿಗೆಗಳನ್ನು ಒಂದೊಂದಾಗಿ ತೆರೆದ. ಮಂತ್ರ ಓದಿದ. ಹಕ್ಕಿಯ ಮಾತು ಕೇಳಿಸಿತು, ಮೀನು ಕಾಣಿಸಿತು, ಎಲ್ಲವೂ ಮುದುಕ ಹೇಳಿದ ಹಾಗೇ.

ಅಷ್ಟು ದಿನವೂ ಅಹ್ವೆರೆ ದಡದಲ್ಲಿ ಅನ್ನ ನೀರು ಬಿಟ್ಟು ಕೂತಿದ್ದಳು. ಹೆಣದ ಹಾಗೆ ಆಗಿದ್ದೆ ಅಂತ ಅವಳೇ ಹೇಳುತ್ತಾಳೆ. ಅವನು ಬಂದ ಮೇಲೆ ಪುಸ್ತಕ ಇಸಿದುಕೊಂಡು ತಾನೂ ಓದಿದಳು, ತಾನೂ ಕಂಡಳು. ಆದರೆ ನನಗೆ ಗಂಡನಷ್ಟು ಬರೆಯಲು ಬರುವುದಿಲ್ಲ ಅನ್ನುತ್ತಾಳೆ. ಅವನು ಪಳಗಿದ ಲಿಪಿಕಾರ. ಹೊಸ ಪಪೈರಸ್ ತರಿಸಿದ, ಪುಸ್ತಕದ ಒಂದೊಂದು ಮಾತನ್ನೂ ಅದರ ಮೇಲೆ ಬರೆದ, ಬಿಯರಿನಲ್ಲಿ ನೆನೆಸಿದ, ನೀರಿನಲ್ಲಿ ಕರಗಿಸಿದ, ಕರಗಿದ್ದು ಖಾತ್ರಿಯಾದ ಮೇಲೆ ಕುಡಿದ.

ಇಲ್ಲಿ ನಾನು ಸಿಕ್ಕಿಹಾಕಿಕೊಂಡೆ. ಕರಗುತ್ತದಾ?

ಒಂದು ಸಂಜೆ ಹಠಕ್ಕೆ ಬಿದ್ದು ನೋಡಿದೆ. ಒಂದು ಹಾಳೆಯ ಮೇಲೆ ಇಂಕ್ ಪೆನ್ನಿನಿಂದ ಒಂದು ಸಾಲು, ಕೆಳಗೆ ಬಾಲ್‌ಪೆನ್ನಿನಿಂದ ಒಂದು ಸಾಲು ಬರೆದು ಬಟ್ಟಲು ನೀರಿನಲ್ಲಿ ಬಿಟ್ಟೆ. ಇಂಕ್ ಪೆನ್ನಿನ ಸಾಲಿನಿಂದ ನೀಲಿ ಹೊಗೆಯ ಹಾಗೆ ಬಣ್ಣ ಎದ್ದಿತು. ಮೊದಲು ಅಕ್ಷರದ ಕೊಂಬು ದೀರ್ಘ ಹೋದವು, ಆಮೇಲೆ ಹೊಟ್ಟೆ ಹೋಯಿತು, ಕೊನೆಗೆ ನೀರೆಲ್ಲ ತಿಳಿನೀಲಿ. ಬಾಲ್‌ಪೆನ್ನಿನ ಸಾಲು ಜಪ್ಪಯ್ಯ ಅನ್ನಲಿಲ್ಲ. ಕಾಗದ ಮೆತ್ತಗಾಯಿತೇ ಹೊರತು ಕರಗಲಿಲ್ಲ. ಕುಡಿದಿರಾ ಅಂತ ಕೇಳಬೇಡಿ, ಇಲ್ಲ.

ಈಜಿಪ್ಟಿನವರ ಕಪ್ಪು ಶಾಯಿ ಅಂದರೆ ದೀಪದ ಮಸಿಗೆ ಅಂಟು ಬೆರೆಸಿದ್ದು. ಕೆಂಪಕ್ಷರಕ್ಕೆ ಕೆಮ್ಮಣ್ಣು. ಮಸಿ ನೀರಿನಲ್ಲಿ ಕರಗುವ ವಸ್ತುವಲ್ಲ, ಆದರೆ ಅದನ್ನು ಹಿಡಿದಿಟ್ಟ ಅಂಟು ಕರಗುತ್ತದೆ. ಅಂಟು ಬಿಟ್ಟರೆ ಮಸಿಯೂ ಬಿಡುತ್ತದೆ. ಬೇಡವಾದ ಬರಹವನ್ನು ತೊಳೆದು ಅದೇ ಪಪೈರಸ್ ಮೇಲೆ ಮತ್ತೆ ಬರೆಯುತ್ತಿದ್ದದ್ದೂ ಉಂಟು. ಅಂದರೆ ಅವನ ಬಟ್ಟಲಿಗೆ ಇಳಿದದ್ದು ಪಪೈರಸ್ಸಿನ ನಾರಲ್ಲ, ಅಕ್ಷರ. ಬರೀ ಅಕ್ಷರ. ಬರೆದದ್ದು ಹಾಳೆಯಿಂದ ಹೊಟ್ಟೆಗೆ ಜಾಗ ಬದಲಾಯಿಸಿತು.

ಇದು ಯಾರೋ ಕಥೆಗಾರ ಕೂತು ಹೊಸೆದ ಕಲ್ಪನೆ ಅಂತ ಮೊದಲು ಅಂದುಕೊಂಡಿದ್ದೆ. ಅಲ್ಲ. ಈ ಕುಡಿಯುವ ವಿಷಯದಲ್ಲಿ ಈಜಿಪ್ಟ್ ಬಹಳ ಪಳಗಿದ ದೇಶ. ಕೈರೋ ಮ್ಯೂಸಿಯಮ್ಮಿನಲ್ಲಿ ಜೆಡ್‌ಹೋರ್ ಎಂಬಾತನ ಒಂದು ಕರಿಕಲ್ಲಿನ ವಿಗ್ರಹ ಇದೆ, ಅಥ್ರಿಬಿಸ್ ಊರಿನದು, ಅಲೆಕ್ಸಾಂಡರ್ ಸತ್ತ ಆಸುಪಾಸಿನ ಕಾಲದ್ದು. ಮೊಣಕಾಲು ಮಡಚಿ, ಅದರ ಮೇಲೆ ಕೈಕಟ್ಟಿ ಕುಕ್ಕರಗಾಲಲ್ಲಿ ಕೂತಿದ್ದಾನೆ. ಮುಖ, ಕೈ, ಪಾದ ಬಿಟ್ಟರೆ ಮೈಯೆಲ್ಲ ಅಕ್ಷರ. ಮುಂದೆ ಒಂದು ಪುಟ್ಟ ಕಲ್ಲುಹಲಗೆ, ಅದರಲ್ಲಿ ಹೋರಸ್ ದೇವರು ಬಾಲಕನ ರೂಪದಲ್ಲಿ ಮೊಸಳೆಗಳನ್ನು ತುಳಿದು, ಕೈಯಲ್ಲಿ ಹಾವು ಚೇಳು ಹಿಡಿದು ನಿಂತಿದ್ದಾನೆ. ಪೀಠದಲ್ಲಿ ಒಂದು ತೊಟ್ಟಿ ತೋಡಿದ್ದಾರೆ. ಯಾಕೆ? ಚೇಳು ಕಚ್ಚಿದವನನ್ನು ಕರೆತರುತ್ತಾರೆ, ವಿಗ್ರಹದ ತಲೆಯ ಮೇಲೆ ನೀರು ಸುರಿಯುತ್ತಾರೆ, ನೀರು ಅಕ್ಷರಗಳ ಮೇಲೆ ಹರಿದು ಮಂತ್ರವನ್ನು ಹೀರಿಕೊಂಡು ತೊಟ್ಟಿಗೆ ಇಳಿಯುತ್ತದೆ. ಅದನ್ನು ಕುಡಿಯುವುದು. ಓದು ಬಾರದವನಿಗೂ, ಉರಿ ತಾಳದೆ ಚೀರುತ್ತಿರುವ ಮಗುವಿಗೂ ಇಡೀ ಪುಸ್ತಕ ಒಂದು ಗುಟುಕಿನಲ್ಲಿ ಹೋಗುತ್ತದೆ.

ಕಲ್ಲಿನ ಅಕ್ಷರ ಕರಗುವುದಿಲ್ಲ ಅಲ್ವಾ? ಪರವಾಗಿಲ್ಲ, ಸೋಕಿದರೆ ಸಾಕು.

ಇದಕ್ಕಿಂತ ಹಳೆಯದು, ರಾಮ್‌ಸೆಸ್ ರಾಜರ ಕಾಲದ ಒಂದು ಪಪೈರಸ್ ಇಟಲಿಯ ಟ್ಯೂರಿನ್‌ನಲ್ಲಿದೆ. ಅದರಲ್ಲಿ ಐಸಿಸ್ ದೇವಿ ಮುದಿ ಸೂರ್ಯದೇವನ ಜೊಲ್ಲಿಗೆ ಮಣ್ಣು ಕಲಸಿ ಹಾವು ಮಾಡಿ, ಅವನಿಗೇ ಕಚ್ಚಿಸಿ, ಗುಟ್ಟಿನ ಹೆಸರು ಹೇಳಿದರೆ ಮಾತ್ರ ವಿಷ ಇಳಿಸುತ್ತೇನೆ ಅಂತ ಪಟ್ಟು ಹಿಡಿಯುವ ಕಥೆ ಬರುತ್ತದೆ. ಒಳ್ಳೆ ಕಥೆ. ಆದರೆ ಕಥೆ ಮುಗಿದ ಕೂಡಲೇ ಬಳಸುವ ಕ್ರಮ ಶುರುವಾಗುತ್ತದೆ, ಔಷಧದ ಡಬ್ಬಿಯ ಹಿಂದೆ ಇರುತ್ತದಲ್ಲ ಹಾಗೆ. ಈ ದೇವರುಗಳ ಚಿತ್ರವನ್ನು ಕಚ್ಚಿಸಿಕೊಂಡವನ ಕೈಮೇಲೆ ಬರೆಯಬೇಕು, ಅವನು ಅದನ್ನು ನೆಕ್ಕಬೇಕು. ಅಥವಾ ನಯವಾದ ನಾರುಬಟ್ಟೆಯ ಪಟ್ಟಿಯ ಮೇಲೆ ಬರೆದು ಕುತ್ತಿಗೆಗೆ ಕಟ್ಟಬೇಕು. ಕಥೆ ಅಲ್ಲಿ ರಂಜನೆಗಲ್ಲ, ಅದೇ ಮದ್ದು.

ಈಜಿಪ್ಟಿನ ಭಾಷೆಯೂ ಇದಕ್ಕೆ ಸಾಕ್ಷಿ ಹೇಳುತ್ತದೆ. ಅದರಲ್ಲಿ ‘ನುಂಗು’ ಎಂಬ ಕ್ರಿಯಾಪದಕ್ಕೆ ಕಾಲ ಕಳೆದಂತೆ ‘ತಿಳಿ’ ಎಂಬ ಅರ್ಥವೂ ಬಂತು. ಕ್ರೈಸ್ತ ಈಜಿಪ್ಟಿನ ಕಾಪ್ಟಿಕ್ ಭಾಷೆಗೆ ಬರುವ ಹೊತ್ತಿಗೆ ನುಂಗುವುದು ಮರೆತು ತಿಳಿಯುವುದು ಮಾತ್ರ ಉಳಿಯಿತು. ಇದನ್ನು ಓದಿದಾಗ ನಾನು ಕುರ್ಚಿಯಿಂದ ಎದ್ದು ಒಂದು ಸುತ್ತು ಹಾಕಿ ಬಂದೆ. ಅರೆದು ಕುಡಿದವನು ನಮ್ಮ ನಾಲಿಗೆಯ ಮೇಲೆ ಮಾತ್ರ ಇಲ್ಲ!

ಇನ್ನೂ ಹಿಂದಕ್ಕೆ ಹೋದರೆ ಉನಾಸ್. ಖಾಎಮ್‌ವಾಸೆತ್ ಹೊರಗಡೆ ಹೆಸರು ಕೆತ್ತಿಸಿದನಲ್ಲ, ಅದೇ ಪಿರಮಿಡ್. ಒಳಗಿನ ಗೋಡೆಗಳ ತುಂಬ ಕಂಬಕಂಬವಾಗಿ ಬರಹ ಇದೆ, ಕ್ರಿ.ಪೂ. 24ನೇ ಶತಮಾನದ್ದು. ಅದರಲ್ಲೊಂದು ಕಡೆ ಸತ್ತ ರಾಜ ದೇವರುಗಳನ್ನೇ ಬೇಯಿಸಿ ತಿನ್ನುತ್ತಾನೆ. ಅವರ ಮಾಂತ್ರಿಕ ಶಕ್ತಿಯನ್ನು ತಿನ್ನುತ್ತಾನೆ, ಅವರ ಜಾಣತನವನ್ನು ನುಂಗುತ್ತಾನೆ. ನುಂಗಿದ್ದು ಹೊಟ್ಟೆಯಲ್ಲಿ ಉಳಿಯುತ್ತದೆ, ಅವನದ್ದಾಗುತ್ತದೆ.

ಆ ಮಾಂತ್ರಿಕ ಶಕ್ತಿಗೆ ಅವರಲ್ಲಿ ‘ಹೆಕಾ’ ಅಂತ ಹೆಸರು. ಅದು ಒಬ್ಬ ದೇವರ ಹೆಸರೂ ಹೌದು. ನಮಗೆ ಮಾಟ ಅಂದರೆ ಕತ್ತಲು, ಅಮಾವಾಸ್ಯೆ, ಕದ್ದು ಮುಚ್ಚಿ ಮಾಡುವ ಕೆಲಸ. ಅವರಿಗೆ ಹಾಗಲ್ಲ. ದೇವಸ್ಥಾನದಲ್ಲಿ ಹಗಲು ಹೊತ್ತು ಸುರುಳಿ ಹಿಡಿದು ಮಂತ್ರ ಓದುವ ಪುರೋಹಿತನೇ ಸಂಜೆ ಯಾರದೋ ಮನೆಯಲ್ಲಿ ಮಗುವಿನ ಜ್ವರಕ್ಕೆ ತಾಯಿತ ಬರೆದುಕೊಡಬಹುದಿತ್ತು. ಅವನ ಪದವಿಯ ಹೆಸರಿನ ಅರ್ಥವೇ ‘ಪಾಠದ ಸುರುಳಿ ಹಿಡಿದವನು’. ಸುರುಳಿಗಳನ್ನು ನಕಲು ಮಾಡಿ ಕಾಪಾಡಲು ದೇವಸ್ಥಾನಗಳಿಗೆ ಹೊಂದಿಕೊಂಡು ‘ಜೀವದ ಮನೆ’ ಎಂಬ ಜಾಗ ಇರುತ್ತಿತ್ತು.

ಹಾಗಂತ ಎಲ್ಲವೂ ಒಳ್ಳೆಯದಕ್ಕೇ ಬಳಕೆಯಾಗುತ್ತಿತ್ತು ಅಂತಲ್ಲ. ಕ್ರಿ.ಪೂ. 12ನೇ ಶತಮಾನದಲ್ಲಿ ಮೂರನೇ ರಾಮ್‌ಸೆಸ್‌ನನ್ನು ಕೊಲ್ಲಲು ಅಂತಃಪುರದಲ್ಲೇ ಸಂಚು ನಡೆಯಿತು. ವಿಚಾರಣೆಯ ಕಾಗದಪತ್ರ ಉಳಿದಿದೆ. ಅದರಲ್ಲಿ ಮೇಣದ ಬೊಂಬೆ ಮಾಡಿದ ಆರೋಪ ಇದೆ, ರಾಜನದ್ದೇ ಒಂದು ಮಂತ್ರದ ಸುರುಳಿ ಸಂಚುಗಾರನ ಕೈಸೇರಿದ ಮಾತೂ ಇದೆ. ನಾನೆಫರ್ಕಪ್ತಾನ ಮೇಣದ ಅಂಬಿಗರು ಕಥೆಯಲ್ಲಿ ಮುದ್ದಾಗಿ ಕಾಣುತ್ತಾರೆ. ಆದರೆ ಮೇಣದ ಮನುಷ್ಯರನ್ನು ಮಾಡಿದ್ದಕ್ಕೆ ಪ್ರಾಣ ಕಳೆದುಕೊಂಡವರೂ ಆ ದೇಶದಲ್ಲಿದ್ದರು.

ನನಗೆ ತುಂಬಾ ಇಷ್ಟವಾದ ವಸ್ತು ಇನ್ನೊಂದಿದೆ. 1896ರಲ್ಲಿ ಕ್ವಿಬೆಲ್ ಎಂಬ ಬ್ರಿಟಿಷ್ ಪುರಾತತ್ವಜ್ಞ ಲಕ್ಸರ್‌ನ ರಾಮೆಸ್ಸಿಯಮ್ ದೇವಸ್ಥಾನದ ಉಗ್ರಾಣದ ಕೆಳಗೆ ಅಗೆಯುತ್ತಿದ್ದ. ಒಂದು ಹಳೆಯ ಗೋರಿಯ ತಳದಲ್ಲಿ ಮರದ ಪೆಟ್ಟಿಗೆ ಸಿಕ್ಕಿತು. ಮುಚ್ಚಳದ ಮೇಲೆ ನರಿಯ ಚಿತ್ರ. ಒಳಗೆ ಒಂದು ಕಟ್ಟು ಬರೆಯುವ ಜೊಂಡುಕಡ್ಡಿ, ಜೊತೆಗೆ ಮುಟ್ಟಿದರೆ ಪುಡಿಯಾಗುವ ಪಪೈರಸ್ ಸುರುಳಿಗಳು. ಪೆಟ್ಟಿಗೆಯ ಸುತ್ತಮುತ್ತ ದಂತದ ಮಂತ್ರದಂಡದ ತುಂಡುಗಳು, ಕಂಚಿನ ನಾಗರಹಾವು, ಎರಡು ಕೈಯಲ್ಲಿ ಹಾವು ಹಿಡಿದ, ಮೃಗದ ಮುಖದ ಒಂದು ಹೆಣ್ಣುಬೊಂಬೆ. ಯಾರೋ ಒಬ್ಬ ಮಾಂತ್ರಿಕ ಪುರೋಹಿತನ ಕೈಚೀಲ ಅಂತಿಟ್ಟುಕೊಳ್ಳಿ. ಸುರುಳಿ ಬಿಚ್ಚಿ ನೋಡಿದರೆ ಹಾವಿನ ಮಂತ್ರ, ಬಾಣಂತಿಯ ಮದ್ದು ಇವುಗಳ ಜೊತೆಗೆ ‘ಸಿನುಹೆ’ಯ ಕಥೆ, ಮಾತುಗಾರ ರೈತನೊಬ್ಬನ ಕಥೆ! ಮಂತ್ರವೂ ಕಥೆಯೂ ಒಂದೇ ಡಬ್ಬಿಯಲ್ಲಿ. ಅವನು ಚೇಳಿನ ವಿಷ ಇಳಿಸಿದ ಮೇಲೆ ಆ ಮನೆಯವರಿಗೆ ಒಂದು ಕಥೆಯನ್ನೂ ಓದಿ ಹೇಳುತ್ತಿದ್ದನೋ ಏನೋ. ಹಾಗೆ ಊಹಿಸಿಕೊಳ್ಳಲು ನನಗೆ ಖುಷಿ.

ಥೋತ್ ಬರೆದ ಪುಸ್ತಕ ಅಂತ ಹೇಳಿಕೊಳ್ಳುವುದೂ ಈ ವೃತ್ತಿಯವರ ಹಳೆಯ ಜಾಹೀರಾತೇ. ಸತ್ತವರ ಜೊತೆ ಇಡುತ್ತಿದ್ದ ಮಂತ್ರಗಳಲ್ಲಿ ಒಂದರ ಕೆಳಗೆ ಒಕ್ಕಣೆ ಇದೆ: ಇದು ಹರ್ಮೊಪೊಲಿಸ್‌ನಲ್ಲಿ ದೇವರ ಪಾದದ ಅಡಿಯಲ್ಲಿ ಸಿಕ್ಕಿದ್ದು, ಕಲ್ಲಿನ ಮೇಲೆ ದೇವರೇ ಬರೆದಿದ್ದ, ಗುಡಿಗಳನ್ನು ನೋಡಿಕೊಂಡು ಸುತ್ತುತ್ತಿದ್ದ ರಾಜಕುಮಾರ ಹೋರ್‌ದೆದೆಫ್ ಕಂಡುಹಿಡಿದ. ನೋಡಿ, ಮತ್ತೆ ಅದೇ. ಗುಡಿ ಸುತ್ತುವ ರಾಜಕುಮಾರ, ದೇವರ ಕೈಬರಹ. ಹಳೆಯದಾದಷ್ಟೂ ಬೆಲೆ ಜಾಸ್ತಿ.

ಸರಿ, ದೋಣಿಗೆ ವಾಪಸ್ಸು ಬರೋಣ. ಅಲ್ಲಿ ಮೂವರು ಕಾಯುತ್ತಿದ್ದಾರೆ.

ಪುಸ್ತಕ ಕದ್ದದ್ದು, ಕಾವಲಿನವನನ್ನು ಕೊಂದದ್ದು ಥೋತ್‌ಗೆ ತಿಳಿಯಿತು. ರೇ ದೇವರ ಹತ್ತಿರ ದೂರು ಕೊಟ್ಟ. ‘ಅವನೂ ಅವನವರೂ ನಿನ್ನ ಪಾಲು’ ಅಂತ ತೀರ್ಪಾಯಿತು. ದೋಣಿ ಮೆಂಫಿಸ್ ಕಡೆಗೆ ಹೊರಟಿತ್ತು. ಪುಟ್ಟ ಮೆರಿಬ್ ನೆರಳಿನ ಮಾಡಿನ ಕೆಳಗಿಂದ ಹೊರಗೆ ಬಂದ, ನದಿಗೆ ಬಿದ್ದ, ಮುಳುಗಿದ. ಅಪ್ಪ ಮಂತ್ರ ಹೇಳಿದ. ಮಗು ಮೇಲೆ ಬಂತು. ಕಥೆ ಇಲ್ಲಿ ಒಂದು ಅಳತೆ ಹೇಳುತ್ತದೆ: ಮೇಲೆ 21 ದೇವಮೊಳ ನೀರಿದ್ದರೂ ಬಂತು ಅಂತ.

ಮೀನು ಕಂಡ ಆಳವೇ ಅದು. ಸುಮಾರು 11 ಮೀಟರ್. ಮೊದಲ ಸಲ ಓದಿದಾಗ ಇದು ನನ್ನ ಕಣ್ಣಿಗೆ ಬಿದ್ದಿರಲಿಲ್ಲ, ಹಳೆಯ ಕಥೆಗಳಲ್ಲಿ ಒಂದೇ ಅಂಕಿ ಮತ್ತೆ ಮತ್ತೆ ಬರುವುದು ಮಾಮೂಲಿ ಅಂತ ಮುಂದೆ ಹೋಗಿದ್ದೆ. ಎರಡನೇ ಸಲ ಅಲ್ಲೇ ನಿಂತೆ. ಆಳದ ನೀರಿನ ತಳ ಕಾಣಬೇಕು ಅಂತ ಆಸೆಪಟ್ಟವನಿಗೆ ಅದೇ ಆಳದಲ್ಲಿ ಮಗ ಸಿಕ್ಕಿದ. ಅವನು ಕುಡಿದ ಮಂತ್ರ ಕೆಲಸ ಮಾಡಿತು, ಸುಳ್ಳಾಗಲಿಲ್ಲ. ಹೆಣ ಮೇಲೆ ಬಂತು, ಬಾಯಿಬಿಟ್ಟು ಮಾತಾಡಿತು, ಹೇಗೆ ಸತ್ತೆ, ಥೋತ್ ಏನು ದೂರು ಕೊಟ್ಟ, ಎಲ್ಲ ಹೇಳಿತು. ಪುಸ್ತಕಕ್ಕೆ ಗೊತ್ತಿದ್ದದ್ದು ಅಷ್ಟೇ. ತೋರಿಸುವುದು, ಕೇಳಿಸುವುದು. ಮಗು ಬದುಕಲಿಲ್ಲ.

ಅವನನ್ನು ಕೊಪ್ಟೋಸ್‌ಗೆ ವಾಪಸ್ಸು ಒಯ್ದು ಹೂತರು. ಮತ್ತೆ ಹೊರಟರು. ಅದೇ ಜಾಗದಲ್ಲಿ ಅಹ್ವೆರೆ ಬಿದ್ದಳು. ಅವಳನ್ನೂ ಕೊಪ್ಟೋಸ್‌ನಲ್ಲಿ ಮಗನ ಪಕ್ಕ ಹೂತ. ಇದನ್ನು ಹೇಳುತ್ತಿರುವವಳು ಅಹ್ವೆರೆಯೇ ಅನ್ನುವುದು ನೆನಪಿರಲಿ. ತನ್ನ ಸಾವನ್ನೂ, ಗಂಡ ತನ್ನ ಹೆಣದ ಹತ್ತಿರ ಮಂತ್ರ ಹೇಳಿ ಮಾತಾಡಿಸಿದ್ದನ್ನೂ ಅವಳು ಅದೇ ದನಿಯಲ್ಲಿ ಹೇಳಿ ಮುಂದೆ ಹೋಗುತ್ತಾಳೆ. ಬರೆಯಲು ಬಾರದವಳ ಬಾಯಲ್ಲಿ ಇಡೀ ಕಥೆ ಉಳಿದಿದೆ.

ಒಬ್ಬನೇ ಆದ ನಾನೆಫರ್ಕಪ್ತಾ ಯೋಚಿಸಿದ. ಊರಿಗೆ ಹೋಗಿ ರಾಜನಿಗೆ ಏನಂತ ಮುಖ ತೋರಿಸುವುದು? ಹೆಂಡತಿ ಮಗನನ್ನು ಕೊಪ್ಟೋಸ್‌ಗೆ ಕರೆದೊಯ್ದು ಸಾಯಿಸಿ ನಾನು ಬದುಕಿ ಬಂದೆ ಅನ್ನಲೇ? ರಾಜಮನೆತನದ ನಾರುಬಟ್ಟೆಯ ಒಂದು ಪಟ್ಟಿ ತಂದು ಪುಸ್ತಕವನ್ನು ಮೈಗೆ ಬಿಗಿಯಾಗಿ ಕಟ್ಟಿಕೊಂಡ. ಅದೇ ಜಾಗದಲ್ಲಿ ನೀರಿಗೆ ಬಿದ್ದ. ದೋಣಿ ಮೆಂಫಿಸ್ ಮುಟ್ಟಿದಾಗ ಅವನ ಹೆಣ ಚುಕ್ಕಾಣಿಯನ್ನು ಹಿಡಿದುಕೊಂಡಿತ್ತು.

ನನ್ನನ್ನು ಬಿಡದೆ ಕಾಡುವ ಪ್ರಶ್ನೆ ಇದು. ಕುಡಿದಾಗಿತ್ತಲ್ಲ? ಒಂದಕ್ಷರ ಬಿಡದೆ ಬರೆದು, ಕರಗಿಸಿ, ಹೊಟ್ಟೆಗೆ ಇಳಿಸಿಕೊಂಡಾಗಿತ್ತಲ್ಲ? ಇನ್ನು ಪುಸ್ತಕವನ್ನು ಮೈಗೆ ಕಟ್ಟಿಕೊಳ್ಳುವ ಅಗತ್ಯ ಏನಿತ್ತು? ಅದನ್ನು ನದಿಗೆ ವಾಪಸ್ಸು ಎಸೆದಿದ್ದರೆ, ಮಗ ಬಿದ್ದ ದಿನವೇ ಎಸೆದಿದ್ದರೆ, ಹೆಂಡತಿಯಾದರೂ ಉಳಿಯುತ್ತಿದ್ದಳೇನೋ. ಓದಿ ಮುಗಿಸಿದ ಪುಸ್ತಕವನ್ನು ಯಾರಿಗೂ ಕೊಡಲಾಗದೆ ಕಪಾಟಿನಲ್ಲಿ ಇಟ್ಟುಕೊಂಡಿರುವ ನಾನು ಈ ಪ್ರಶ್ನೆ ಕೇಳುವುದಕ್ಕೆ ಲಾಯಕ್ಕೇ ಅಂತಲೂ ಅನುಮಾನ.

ಇಷ್ಟೆಲ್ಲ ಕೇಳಿದ ಮೇಲೂ ಸೆತ್ನೆ, ಪುಸ್ತಕ ಕೊಡು, ಇಲ್ಲದಿದ್ದರೆ ಕಿತ್ತುಕೊಳ್ಳುತ್ತೇನೆ ಅಂದ. ಸತ್ತವನು ಮಲಗಿದ್ದಲ್ಲಿಂದ ಎದ್ದು ಪಂದ್ಯಕ್ಕೆ ಕರೆದ. ಕಾಯಿ ನಡೆಸುವ ಆಟ. ಸೆತ್ನೆ ಸೋತಾಗಲೆಲ್ಲ ಅವನ ತಲೆಯ ಮೇಲೆ ಆಟದ ಪೆಟ್ಟಿಗೆಯಿಂದ ಒಂದು ಏಟು. ಒಂದನೇ ಸಲ ಪಾದದವರೆಗೆ ನೆಲದಲ್ಲಿ ಹೂತ, ಎರಡನೇ ಸಲ ಸೊಂಟದ ಕೆಳಗಿನವರೆಗೆ, ಮೂರನೇ ಸಲ ಕಿವಿಯವರೆಗೆ. ತಾಯಿತ ತರಿಸಿ, ಮೇಲೆ ನೆಗೆದು, ಪುಸ್ತಕ ಹಿಡಿದು ಓಡಿದ. ಅವನ ಮುಂದೆ ಬೆಳಕು ನಡೆಯಿತು, ಹಿಂದೆ ಸಮಾಧಿಯಲ್ಲಿ ಕತ್ತಲಾಯಿತು, ಅಹ್ವೆರೆ ಅತ್ತಳು. ಸೆತ್ನೆ ಪುಸ್ತಕವನ್ನು ಏನು ಮಾಡಿದ? ಸಿಕ್ಕ ಸಿಕ್ಕವರಿಗೆಲ್ಲ ಬಿಚ್ಚಿ ಓದಿ ಹೇಳುತ್ತಾ ತಿರುಗಿದ. ಕುಡಿಯುವುದಿರಲಿ, ಒಂದು ಸಾಲು ನಕಲು ಮಾಡಿಕೊಂಡ ಸುದ್ದಿಯೂ ಕಥೆಯಲ್ಲಿಲ್ಲ.

ಆಮೇಲೆ ತಬೂಬು ಎಂಬ ಮೋಹಿನಿ ಬರುತ್ತಾಳೆ, ಅವನ ಆಸ್ತಿ ಬರೆಸಿಕೊಳ್ಳುತ್ತಾಳೆ, ಮಕ್ಕಳನ್ನೂ ಕೊಲ್ಲಿಸುತ್ತಾಳೆ, ಅವಳನ್ನು ಮುಟ್ಟಲು ಹೋದರೆ ಎಲ್ಲ ಮಾಯ, ಇವನು ಬಟ್ಟೆಯಿಲ್ಲದೆ ಬಯಲಿನಲ್ಲಿ. ಮಕ್ಕಳು ಮನೆಯಲ್ಲಿ ಕ್ಷೇಮ. ಎಲ್ಲರೂ ಈ ಕಥೆಯಲ್ಲಿ ಈ ಭಾಗವನ್ನೇ ಜಾಸ್ತಿ ಹೇಳುತ್ತಾರೆ, ನನಗೆ ಅಷ್ಟೇನೂ ಹಿಡಿಸುವುದಿಲ್ಲ. ಅಂತೂ ಬುದ್ಧಿ ಬಂತು. ಕೈಯಲ್ಲಿ ಕವಲುಕೋಲು, ತಲೆಯ ಮೇಲೆ ಉರಿಯುವ ಅಗ್ಗಿಷ್ಟಿಕೆ ಹೊತ್ತು ಪುಸ್ತಕ ವಾಪಸ್ಸು ತಂದಿಟ್ಟ.

ನಾನೆಫರ್ಕಪ್ತಾ ನಕ್ಕ. ಆಮೇಲೆ ಒಂದು ಕೆಲಸ ಹೇಳಿದ. ಹೆಂಡತಿ ಮಗನ ನೆರಳು ಮಾತ್ರ ಇಲ್ಲಿ ನನ್ನ ಜೊತೆ ಇದೆ, ಅವರ ಮೈ ಕೊಪ್ಟೋಸ್‌ನಲ್ಲಿದೆ. ತಂದುಕೊಡು.

ಸೆತ್ನೆ ಕೊಪ್ಟೋಸ್‌ಗೆ ಹೋದ. ಮೂರು ಹಗಲು ಮೂರು ರಾತ್ರಿ ಸ್ಮಶಾನದ ಕಲ್ಲುಗಳನ್ನು ಮಗುಚಿ ಮಗುಚಿ ಓದಿದ. ಅವನಷ್ಟು ಗೋರಿ ಓದಿದವನು ಇನ್ನೊಬ್ಬನಿಲ್ಲ, ಆದರೂ ಸಿಗಲಿಲ್ಲ. ಆಗ ಒಬ್ಬ ಹಣ್ಣುಹಣ್ಣು ಮುದುಕ ಬಂದ. ನನ್ನ ಅಜ್ಜನ ಕಾಲದಿಂದ ಬಂದ ಮಾತು, ಅವರನ್ನು ಹೂತದ್ದು ಪೊಲೀಸ್ ಮುಖ್ಯಸ್ಥನ ಮನೆಯ ದಕ್ಷಿಣದ ಮೂಲೆಯಲ್ಲಿ ಅಂದ. ಸೆತ್ನೆಗೆ ಅನುಮಾನ ಬಂತು. ಆ ಪೊಲೀಸನ ಮೇಲೆ ನಿನಗೇನೋ ಹಳೆಯ ಸಿಟ್ಟಿದೆ, ಅದಕ್ಕೇ ಮನೆ ಕೆಡವಿಸುತ್ತಿದ್ದೀಯ ಅಲ್ವಾ ಅಂದ. ಮುದುಕ, ಸಿಗದಿದ್ದರೆ ನನ್ನನ್ನು ಶಿಕ್ಷಿಸಿ, ಅಲ್ಲಿಯವರೆಗೆ ಕಾವಲಲ್ಲಿ ಇಟ್ಟುಕೊಳ್ಳಿ ಅಂದ. ಮನೆ ಕೆಡವಿದರು. ದಕ್ಷಿಣದ ಮೂಲೆಯಲ್ಲಿ ತಾಯಿ ಮಗ ಇದ್ದರು. ಆ ಮುದುಕ ಬೇರೆ ಯಾರೂ ಅಲ್ಲ, ನಾನೆಫರ್ಕಪ್ತಾನೇ. ಅವನನ್ನೂ ಒಂದು ಕಾಲದಲ್ಲಿ ಒಬ್ಬ ಮುದುಕನೇ ದಾರಿ ಹೇಳಿ ಇಲ್ಲಿಗೆ ಕಳಿಸಿದ್ದ.

ಸೆತ್ನೆ ಪೊಲೀಸ್ ಮುಖ್ಯಸ್ಥನ ಮನೆಯನ್ನು ಮೊದಲಿದ್ದ ಹಾಗೇ ಕಟ್ಟಿಸಿಕೊಟ್ಟ. ಎರಡು ಹೆಣಗಳನ್ನು ರಾಜನ ದೋಣಿಗೆ ಹತ್ತಿಸಿಕೊಂಡು ಅದೇ ನದಿಯಲ್ಲಿ, ಅದೇ ಜಾಗ ದಾಟಿ, ಮೆಂಫಿಸ್‌ಗೆ ತಂದ. ಈ ಸಲ ಯಾರೂ ನೀರಿಗೆ ಬೀಳಲಿಲ್ಲ.